ಪಂಚಾಕ್ಷರಿಯ ತಲಬು

ಚುರುಮುರಿಯ ಗಿರ್ಮಿಟ್ಟು ಈಗಲೇ ಬೇಕೆನ್ನುವ ತಲಬನ್ನು ಹಿಡಿಯುವುದು ಎಲ್ಲಕ್ಕಿಂತ ಸುಲಭ. ಮಧ್ಯಾಹ್ನ ಊಟ ತಪ್ಪಿಸಿಕೊಂಡು ಬಂದ ಮನುಷ್ಯನೊಬ್ಬನನ್ನು ಕುರ್ಚಿಯ ಮೇಲೆ ಕೂಡಿಸಿ, ತಲೆಗೆ ಟೋಪಿ ಹಾಕಿ, ಪಕ್ಕದ ಕೋಣೆಯಲ್ಲಿ ಉಳ್ಳಾಗಡ್ಡಿ ಹೆಚ್ಚುವ ಸಪ್ಪಳ ಕೇಳಿಸಿದರೆ ಸಾಕು, ಪರದೆಯ ಮೇಲಿನ ಹಸಿರು ಗೆರೆ ಎದ್ದು ಕುಣಿಯುತ್ತದೆ. ಚಹಾದ್ದೂ ಹಾಗೆಯೇ. ಹೊಸ ಸೀರೆಯ ತಲಬು ಸ್ವಲ್ಪ ಸತಾಯಿಸುತ್ತದೆ, ಏಕೆಂದರೆ ಅದರಲ್ಲಿ ಪಕ್ಕದ ಮನೆಯವಳ ಮುಖವೂ ಸೇರಿಕೊಂಡಿರುತ್ತದೆ. ಅದನ್ನು ಸೋಸಿ ತೆಗೆಯಬೇಕು. ನೀಲಾಂಬಿಕಾ ಈ ಸೋಸುವ ಕೆಲಸದಲ್ಲಿ ಇಡೀ ಹುಬ್ಬಳ್ಳಿಗೆ ಹೆಸರಾದವಳು.

ಗೋಕುಲ ರಸ್ತೆಯ ಆ ಕಟ್ಟಡದ ಬೋರ್ಡಿನ ಮೇಲೆ ‘ಅಭಿಲಾಷಾ ಮುದ್ರಣ ಕೇಂದ್ರ’ ಎಂದಿತ್ತು. ಆ ಹೆಸರನ್ನು ಉದ್ಘಾಟನೆಗೆ ಬಂದ ಮಂತ್ರಿಗಳು ಒಮ್ಮೆ ಓದಿದ್ದರು, ಅಷ್ಟೆ. ಉಳಿದವರೆಲ್ಲ ತಲಬಿನ ಫ್ಯಾಕ್ಟರಿ ಅನ್ನುತ್ತಿದ್ದರು. ಒಳಗೆ ನಡೆಯುತ್ತಿದ್ದುದು ಇಷ್ಟು: ಒಬ್ಬನಿಗೆ ಏನಾದರೂ ಬೇಕು ಎನಿಸಿದಾಗ ಅವನ ಮಿದುಳಿನಲ್ಲಿ ಏಳುವ ಅಲೆಯನ್ನು ಟೋಪಿ ಹಿಡಿಯುತ್ತದೆ. ಹಿಡಿದದ್ದನ್ನು ಚೊಕ್ಕ ಮಾಡಿ ಸಿನಿಮಾಕ್ಕೆ, ಹಾಡಿಗೆ, ಜಾಹೀರಾತಿಗೆ ಅಂಟಿಸುತ್ತಾರೆ. ನೋಡುವವರು ಕಿವಿಯ ಹಿಂದೆ ಬೆರಳಗಲದ ಪಟ್ಟಿ ಹಚ್ಚಿಕೊಂಡರೆ ಅದೇ ಅಲೆ ಅವರಲ್ಲೂ ಏಳುತ್ತದೆ. ಮೊದಲೆಲ್ಲ ಜಾಹೀರಾತನ್ನು ನೋಡಿ ಜನಕ್ಕೆ ಬೇಕು ಎನಿಸಬೇಕಾಗಿತ್ತು. ಈಗ ಬೇಕು ಎನಿಸುವುದನ್ನೇ ಮನೆಗೆ ಕಳಿಸಿಕೊಡುತ್ತಾರೆ.

ಜನ ಇದಕ್ಕೂ ಹೊಂದಿಕೊಂಡರು. ಪಟ್ಟಿ ಹಚ್ಚಿಕೊಂಡು ಟಿವಿ ಮುಂದೆ ಕೂಡುವ ಮುನ್ನ ಹೊಟ್ಟೆ ತುಂಬ ಉಣ್ಣುವುದು, ಹಣದ ಪಾಕೀಟನ್ನು ಟ್ರೆಜರಿ ಕಪಾಟಿನಲ್ಲಿಟ್ಟು ಕೀಲಿಯನ್ನು ಅತ್ತೆಯ ಕೈಗೆ ಕೊಡುವುದು ಮನೆಮನೆಯ ರೂಢಿಯಾಯಿತು. ತಮಗೂ ಒಂದು ಪಟ್ಟಿ ಬೇಕೆಂದು ಅತ್ತೆಯರೇ ಹಟ ಹಿಡಿದ ಮನೆಗಳಲ್ಲಿ ಮಾತ್ರ ಸ್ವಲ್ಪ ಫಜೀತಿಯಾಗುತ್ತಿತ್ತು.

ಮುದ್ರಣದಲ್ಲಿ ಒಂದು ತೊಡಕಿತ್ತು. ಅಲೆ ಪೂರ್ತಿ ಸಿಗಬೇಕಾದರೆ ಅದನ್ನು ಮತ್ತೆ ಮತ್ತೆ ಎಬ್ಬಿಸಿ, ಕೊನೆಯ ಹನಿ ಬರುವತನಕ ಹಿಂಡಬೇಕು. ಹಿಂಡಿದ ಮೇಲೆ ಆ ಮನುಷ್ಯನಲ್ಲಿ ಆ ತಲಬು ಉಳಿಯುವುದಿಲ್ಲ. ಗಿರ್ಮಿಟ್ಟಿನವನಿಗೆ ಇದರಿಂದ ನಷ್ಟವಿಲ್ಲ. ಯಾರಾದರೂ ಒತ್ತಾಯ ಮಾಡಿ ಒಂದೆರಡು ಸಲ ತಿನ್ನಿಸಿದರೆ ತಲಬು ತಾನಾಗಿ ಊರುತ್ತದೆ. ಆದರೆ ಎಂದೋ ಬಿಟ್ಟುಬಿಟ್ಟ ಚಟದ ತಲಬಿಗೆ ಹಾಗೆ ಊರುವ ದಾರಿಯಿಲ್ಲ. ಹಿಂಡಿದರೆ ಮುಗಿಯಿತು. ಇನ್ನೊಂದು ಸಂಗತಿಯೂ ಇತ್ತು. ಮುದ್ರಿಸಿದ ತಲಬು ಬೇರೆಯವರಲ್ಲಿ ಎದ್ದರೆ ಸ್ವಲ್ಪ ಹೊತ್ತಿಗೆ ಇಳಿದುಹೋಗುತ್ತದೆ. ಯಾರಿಂದ ತೆಗೆದರೋ ಅವರಿಗೇ ಪಟ್ಟಿ ಹಚ್ಚಿ ಕೊಟ್ಟರೆ ಮಾತ್ರ ಇಳಿಯುವುದಿಲ್ಲ. ಬಾಡಿಗೆಗೆ ಕೊಟ್ಟ ಮನೆಗೆ ಯಜಮಾನ ಮರಳಿ ಬಂದ ಹಾಗೆ ಬಂದು ಕೂತುಬಿಡುತ್ತದೆ. ಅದಕ್ಕೇ ಕೊಟ್ಟವರು ತಮ್ಮ ತಲಬಿನ ಚಿತ್ರವನ್ನು ಪಟ್ಟಿ ಹಚ್ಚಿಕೊಂಡು ನೋಡಬಾರದು ಎಂಬ ನಿಯಮ ಮಾಡಿದ್ದರು.

ಆ ವರ್ಷ ಹುಬ್ಬಳ್ಳಿ-ಧಾರವಾಡದ ಕಾಲೇಜು ಹುಡುಗರಲ್ಲಿ ಹೊಗೆಯ ಹುಚ್ಚು ಮತ್ತೆ ಶುರುವಾಗಿತ್ತು. ಬೀಡಿ ಸಿಗರೇಟು ಬಹುಮಟ್ಟಿಗೆ ಮುಗಿದುಹೋಗಿದ್ದವು. ಮುಗಿದುಹೋಗಿದ್ದವು ಎಂಬ ಕಾರಣಕ್ಕೇ ಅವು ಈಗ ಫ್ಯಾಷನ್ ಆಗಿದ್ದವು. ಇದನ್ನು ಗೇಲಿ ಮಾಡುವ ಒಂದು ಕಿರುಚಿತ್ರ ಬೇಕಾಗಿದೆ ಎಂದು ಹಣ ಹಾಕಲು ಮುಂದೆ ಬಂದವರು ಹಾವನೂರ ಸಾಹೇಬರು. ಅವರದು ‘ತಂಗಾಳಿ’ ಕಂಪನಿ. ಪುದೀನ ವಾಸನೆಯ ಗಾಳಿ ತುಂಬಿದ ಕೊಳವೆಗಳನ್ನು ಮಾರುತ್ತಾರೆ, ಸಿಗರೇಟಿನ ಬದಲು ಅವನ್ನು ಸೇದಬೇಕು. ಚಿತ್ರ ಮುಗಿದೊಡನೆ ನೋಡಿದವರೆಲ್ಲ ಬಾಗಿಲಲ್ಲಿಟ್ಟ ಬುಟ್ಟಿಗೆ ಕೈಹಾಕಿ ಒಂದೊಂದು ತಂಗಾಳಿ ಕೊಳ್ಳಬೇಕು ಎಂಬುದು ಅವರ ಲೆಕ್ಕಾಚಾರ.

ಚಿತ್ರ ಮಾಡುವವಳು ಶಹನಾಜ್ ಮುಲ್ಲಾ ಎಂಬ ಚುರುಕು ಹೆಂಗಸು. ಅವಳ ಕಥೆ ಹೀಗಿತ್ತು. ಒಬ್ಬ ಒಂದು ಸಿಗರೇಟು ಕೊಳ್ಳುತ್ತಾನೆ. ಇಂಥ ಸಿಗರೇಟಿಗೆ ಬೆಳ್ಳಿಯ ಡಬ್ಬಿ ಬೇಕು ಅನ್ನುತ್ತಾನೆ ಅಂಗಡಿಯವನು. ಡಬ್ಬಿಗೆ ಮಖಮಲ್ಲಿನ ಚೀಲ, ಚೀಲಕ್ಕೊಪ್ಪುವ ಕೋಟು, ಕೋಟು ಹಾಕಿಕೊಂಡು ಇಳಿಯಲು ಕಾರು, ಕಾರು ನಿಲ್ಲಿಸಲು ಬಂಗಲೆ. ಕೊನೆಗೆ ಅವನು ಎರಡೂ ಕೈತುಂಬ ಸಾಮಾನು ಹಿಡಿದು, ತುಟಿಯಲ್ಲಿ ಸಿಗರೇಟು ಕಚ್ಚಿಕೊಂಡು ಬಂಗಲೆಯ ಮುಂದೆ ನಿಂತಿರುತ್ತಾನೆ. ಕಡ್ಡಿ ಗೀರಲು ಕೈ ಖಾಲಿಯಿಲ್ಲ. ಈ ಗೇಲಿಯಲ್ಲಿ ತಮ್ಮ ಪುದೀನ ಗಾಳಿಯೂ ಸೇರಿದೆ ಎಂಬುದು ಹಾವನೂರ ಸಾಹೇಬರಿಗೆ ಹೊಳೆದಿರಲಿಲ್ಲ. ಶಹನಾಜ್ ಹೇಳಲೂ ಹೋಗಿರಲಿಲ್ಲ.

ಆ ಕೊನೆಯ ದೃಶ್ಯದಲ್ಲಿ ನೋಡುವವರಿಗೂ ತಲಬು ಕಿತ್ತುಕೊಂಡು ಬರಬೇಕು. ಆಗಲೇ ತಮ್ಮನ್ನು ನೋಡಿ ತಾವೇ ನಗುತ್ತಾರೆ ಎಂದು ಶಹನಾಜ್‌ಳ ವಾದ. ಅದಕ್ಕಾಗಿ ಹೊಗೆಯ ಹುಚ್ಚಿನ ಹುಡುಗರನ್ನು ಕರೆಸಿ ಟೋಪಿ ಹಾಕಿ ನೋಡಿದ್ದಾಯಿತು. ಹಸಿರು ಗೆರೆ ಮಲಗಿದಲ್ಲಿಂದ ಏಳಲಿಲ್ಲ. ಫೋನಿನ ಕ್ಯಾಮೆರಾ ಎದುರಿಗೆ ಹಿಡಿದಾಗ ಮಾತ್ರ ಚಂಗನೆ ಎದ್ದಿತು.

“ಅಕ್ಕಾ, ಇವರಿಗೆ ಸಿಗರೇಟ್ ಬೇಕಾಗಿಲ್ಲ, ಸಿಗರೇಟ್ ಹಿಡಕೊಂಡ ಫೋಟೋ ಬೇಕಾಗೇತಿ,” ಎಂದು ಶಹನಾಜ್ ತಲೆಗೆ ಕೈಹಚ್ಚಿ ಕೂತಳು.

ಖರೇ ತಲಬು ಇರುವ ಒಬ್ಬ ಮನುಷ್ಯ ನೀಲಾಂಬಿಕಾಳಿಗೆ ಗೊತ್ತಿದ್ದ. ಬೆಳಿಗ್ಗೆ ಅವನಿಗೆ ರೊಟ್ಟಿ ಬಡಿದಿಟ್ಟು ಬಂದಿದ್ದಳು.

ಪಂಚಾಕ್ಷರಿ ಹಳೇ ಹುಬ್ಬಳ್ಳಿಯ ಬೋರ್ಡ್ ಬರೆಯುವ ಪೇಂಟರ್. ಅಂಗಡಿಗಳಿಗೆಲ್ಲ ಮಿನುಗುವ ಪರದೆಗಳು ಬಂದಮೇಲೂ ಕೈಬರಹವೇ ಬೇಕೆನ್ನುವ ನಾಲ್ಕು ಮಂದಿ ಅವನನ್ನು ಬಿಟ್ಟಿರಲಿಲ್ಲ. ಒಂದು ಕಾಲದಲ್ಲಿ ಹುಬ್ಬಳ್ಳಿಯಿಂದ ಗದಗಿನವರೆಗೆ ರಸ್ತೆಬದಿಯ ಗೋಡೆಗಳ ಮೇಲೆ ಬೀಡಿಯ ಜಾಹೀರಾತು ಬರೆದವನು ಅವನೇ. ಬಾಯಲ್ಲಿ ಬೀಡಿ ಕಚ್ಚಿಕೊಂಡೇ ಬರೆಯುತ್ತಿದ್ದ. ಬೀಡಿ ಆರಿದರೆ ಅಕ್ಷರ ಸೊಟ್ಟಾಗುತ್ತದೆ ಎಂಬುದು ಅವನ ನಂಬಿಕೆ.

ಊರ ಮಂದಿಯ ಹೆಸರನ್ನೆಲ್ಲ ಆಳೆತ್ತರ ಬರೆದ ಈ ಗಂಡಸಿಗೆ ಸ್ವಂತ ಹೆಂಡತಿಯ ಹೆಸರು ಬಾಯಿಗೆ ಬರುತ್ತಿರಲಿಲ್ಲ. ಅದಕ್ಕೆ ಕಾರಣವಿತ್ತು. ಅವನ ತಾಯಿಯ ಹೆಸರೂ ನೀಲಾಂಬಿಕಾ. ಮದುವೆಯಲ್ಲಿ ಸೊಸೆಯ ಹೆಸರು ಬದಲಿಸೋಣ ಎಂದು ಹಿರಿಯರು ಹೇಳಿದಾಗ ಹುಡುಗಿ ಜಪ್ಪಯ್ಯ ಅಂದರೂ ಒಪ್ಪಲಿಲ್ಲ. ಅಪ್ಪ ಇಟ್ಟ ಹೆಸರನ್ನು ಯಾರ ಮನೆಯ ಹೊಸ್ತಿಲಲ್ಲೂ ಬಿಚ್ಚಿಡುವುದಿಲ್ಲ ಅಂದಳು. ಹೆಸರು ಉಳಿಯಿತು, ಕರೆಯುವವರು ಇಲ್ಲವಾದರು. ಹೆತ್ತ ತಾಯಿಯ ಹೆಸರು ಹಿಡಿದು ಹೆಂಡತಿಯನ್ನು ಕರೆಯುವುದು ಹೇಗೆ? ಪಂಚಾಕ್ಷರಿಯ ಬಾಯಲ್ಲಿ ಅವಳು ‘ಏ’ ಆದಳು, ‘ಇಲ್ಲಿ ನೋಡಿಲ್ಲೆ’ ಆದಳು, ಮಂದಿಯ ಮುಂದೆ ‘ನಮ್ಮನ್ಯಾಕಿ’ ಆದಳು. ತಾಯಿ ತೀರಿಕೊಂಡ ಮೇಲೂ ನಾಲಗೆ ಹೊರಳಲಿಲ್ಲ.

ಮುಂದೆ ಒಂದು ಚಳಿಗಾಲದಲ್ಲಿ ಕೆಮ್ಮು ಹೆಚ್ಚಾಗಿ, ಡಾಕ್ಟರು ಅವನ ಎದೆಯ ಫೋಟೋ ತೆಗೆಸಿ ಬೆಳಕಿಗೆ ಹಿಡಿದು ತೋರಿಸಿದರು. ಇನ್ನು ಒಂದು ಬೀಡಿ ಸೇದಿದರೂ ತಾವು ಜವಾಬ್ದಾರರಲ್ಲ ಎಂದರು. ಆವತ್ತು ಮನೆಗೆ ಬಂದ ನೀಲಾಂಬಿಕಾ ಗಂಡನಿಗೆ ಒಂದು ಕರಾರು ಹಾಕಿದಳು. ಬೀಡಿ ಎಂಬ ಶಬ್ದವನ್ನು ಈ ಮನೆಯಲ್ಲಿ ಎತ್ತಕೂಡದು. ತಲಬು ಬಂದಾಗ ಅದರ ಬದಲು ತನ್ನ ಹೆಸರು ಹಿಡಿದು ಕರೆಯಬೇಕು, ಎಲ್ಲಿದ್ದರೂ ಬರುತ್ತೇನೆ. ಅವಳ ಜಾಣತನ ಇಷ್ಟೇ: ಹೆಸರು ಹೇಳುವ ನಾಚಿಕೆಗೆ ತಲಬು ಹೆದರಿ ಓಡಿಹೋಗಲಿ.

ಮೊದಲ ದಿನ ಪಂಚಾಕ್ಷರಿ ಅಡಿಗೆಮನೆಯ ಬಾಗಿಲಲ್ಲಿ ಬೆವತು ನಿಂತ. ಬಾಯಿ ತೆರೆದ, ಮುಚ್ಚಿದ. ಕೊನೆಗೆ ಗೋಡೆಯ ಮೇಲಿನ ಬೋರ್ಡ್ ಓದುವವನಂತೆ ಅಕ್ಷರ ಬಿಡಿಸಿ “ನೀ-ಲಾಂ-ಬಿ-ಕಾ” ಅಂದ. ಅವಳಿಗೆ ನಗು ತಡೆಯಲಾಗಲಿಲ್ಲ. ಚಹಾಕ್ಕಿಟ್ಟು ಅವನ ಪಕ್ಕ ಕೂತಳು. ತಲಬು ಇಳಿಯುವತನಕ ಏನೇನೋ ಹರಟೆ ಹೊಡೆದರು. ದಿನ ಕಳೆದಂತೆ ಹೆಸರಿನ ಮುಳ್ಳು ಸವೆಯಿತು. ವರ್ಷಗಳು ಕಳೆದು ಇಬ್ಬರ ತಲೆ ನರೆತ ಮೇಲೂ ಸಂಜೆ ಹೊತ್ತು ಹಿತ್ತಲಿನಿಂದಲೋ ಮಾಳಿಗೆಯಿಂದಲೋ “ನೀಲಾಂಬಿಕಾ” ಎಂಬ ಕರೆ ಬರುತ್ತಿತ್ತು. ಕೊನೆಯ ಅಕ್ಷರವನ್ನು ತುಸು ಎಳೆದು ಕರೆಯುತ್ತಿದ್ದ. ಅವಳು ಕೈಯಲ್ಲಿದ್ದುದನ್ನು ಬಿಟ್ಟು ಹೋಗುತ್ತಿದ್ದಳು. ಉಳಿದ ಹೊತ್ತೆಲ್ಲ ಅವಳು ಮೊದಲಿನಂತೆ ‘ಏ’, ‘ಇಲ್ಲಿ ನೋಡಿಲ್ಲೆ’.

ಹೀಗೆ ಸುಖವಾಗಿದ್ದ ಸಂಸಾರಕ್ಕೆ ಈಚೆಗೆ ಒಂದು ಅಂಜಿಕೆ ಹೊಕ್ಕಿತ್ತು. ಹಳೇ ಬಸ್ ಸ್ಟ್ಯಾಂಡಿನ ಕಡೆ ಫ್ಯಾಷನ್ ಹುಡುಗರಿಗಾಗಿ ಒಂದು ಬೀಡಿ ಅಂಗಡಿ ತೆರೆದಿತ್ತು. ಅದರ ಬೋರ್ಡ್ ಬರೆಯಲು ಪಂಚಾಕ್ಷರಿಯನ್ನೇ ಕರೆದಿದ್ದರು. ಅವನು ಬರೆದು ಬಂದ, ಸೇದಿರಲಿಲ್ಲ. ಆದರೆ ಆ ಸಂಜೆ ಅವನು ಹೆಂಡತಿಯನ್ನು ಮತ್ತೆ ಮತ್ತೆ ಕರೆದ ರೀತಿಗೆ ನೀಲಾಂಬಿಕಾಳ ಜೀವ ಹಾರಿಹೋಗಿತ್ತು. ಒಂದು ದಿನ ತಾನು ಕೆಲಸದಲ್ಲಿರುವಾಗ ತಲಬು ಬಂದರೆ, ಕರೆದರೂ ತನಗೆ ಕೇಳಿಸದಿದ್ದರೆ?

ಅದಕ್ಕೇ ಈಗ ಶಹನಾಜ್‌ಳ ಚಿತ್ರ ಅವಳಿಗೆ ದೇವರು ಕೊಟ್ಟ ದಾರಿಯಂತೆ ಕಂಡಿತು. ಚಿತ್ರಕ್ಕೆ ತಲಬು ಸಿಕ್ಕಂತೆಯೂ ಆಯಿತು, ಗಂಡನ ಎದೆಯಿಂದ ಆ ಪೀಡೆ ಬೇರುಸಹಿತ ಹೋದಂತೆಯೂ ಆಯಿತು.

ಸಂಜೆ ವಿಷಯ ತೆಗೆದಾಗ ಪಂಚಾಕ್ಷರಿ ಸೀಮೆಎಣ್ಣೆಯಲ್ಲಿ ಬ್ರಷ್ಷು ತೊಳೆಯುತ್ತಿದ್ದ. ತೊಳೆಯುತ್ತಲೇ ಇದ್ದ.

“ಇರಲಿ ಬಿಡು ಅದೊಂದು,” ಅಂದ. “ನನಗೇನ ತ್ರಾಸ ಕೊಡಂಗಿಲ್ಲ.”

“ನಿಮಗ ಕೊಡಂಗಿಲ್ಲ, ನನಗ ಕೊಡತೈತಿ.”

ತನಗೇಕೆ ಮನಸ್ಸಿಲ್ಲ ಎಂದು ಹೇಳಲು ಅವನಿಗೆ ತಿಳಿಯಲಿಲ್ಲ. ಬೀಡಿಯ ತಲಬನ್ನು ಉಳಿಸಿಕೊಳ್ಳುತ್ತೇನೆ ಎಂದು ಯಾವ ಮುಖ ಹೊತ್ತು ಹೇಳುವುದು? ಬ್ರಷ್ಷು ಒರೆಸಿಟ್ಟು, ಯಾವತ್ತು ಬರಬೇಕು ಎಂದಷ್ಟೇ ಕೇಳಿದ.

ಮುದ್ರಣದ ದಿನ ಅವನು ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಬಂದ. ನೀಲಾಂಬಿಕಾ ತಾನೇ ಟೋಪಿ ತೊಡಿಸಿ, ಗಾಜಿನ ಆಚೆ ಹೋಗಿ ಕೂತಳು. ಶಹನಾಜ್ ಎಲ್ಲಿಂದಲೋ ತಂದ ಬೀಡಿಯೊಂದನ್ನು ಕೋಣೆಯ ಮೂಲೆಯಲ್ಲಿ ಹೊತ್ತಿಸಿಟ್ಟಳು. ಹೊಗೆ ಅವನ ಕಡೆ ಬಾರದಂತೆ, ವಾಸನೆ ಮಾತ್ರ ಸುಳಿಯುವಂತೆ ಫ್ಯಾನು ತಿರುಗಿಸಿದ್ದರು. ಹಸಿರು ಗೆರೆ ಮೊದಲು ನಡುಗಿತು, ಆಮೇಲೆ ಎದ್ದಿತು. ಇಷ್ಟು ವರ್ಷದ ಸರ್ವಿಸಿನಲ್ಲಿ ನೀಲಾಂಬಿಕಾ ಅಂಥ ಏರನ್ನು ಕಂಡಿರಲಿಲ್ಲ. ಅದಕ್ಕೆ ಎರಡು ಗುಡ್ಡಗಳಿದ್ದವು. ಮುಂದಿನದು ಚೂಪು, ಸಣ್ಣದು. ಅದರ ಹಿಂದೆ ಇನ್ನೊಂದು ಅಗಲವಾಗಿ, ನಿಧಾನವಾಗಿ ಏಳುತ್ತಿತ್ತು.

ಪಂಚಾಕ್ಷರಿಯ ಹೆಬ್ಬೆರಳು ತೋರುಬೆರಳು ತಾವಾಗಿ ಕೂಡಿಕೊಂಡವು. ಗಾಜಿನ ಕಡೆ ತಿರುಗಿ, “ಕರೀಲೇನ?” ಎಂದು ಕೇಳಿದ.

ಕರೆದರೆ ತಲಬು ಇಳಿದುಬಿಡುತ್ತದೆ. ಗೆರೆ ಇನ್ನೂ ನೆತ್ತಿ ಮುಟ್ಟಿರಲಿಲ್ಲ.

“ಬ್ಯಾಡ,” ಅಂದಳು ನೀಲಾಂಬಿಕಾ ಮೈಕಿನಲ್ಲಿ. “ಈಗ ಕರೀಬ್ಯಾಡ್ರಿ. ಏರಲಿ.”

ಅವನು ತುಟಿ ಕಚ್ಚಿ ತಡೆದುಕೊಂಡ. ಮತ್ತೆ ಎಬ್ಬಿಸಿದರು, ಮತ್ತೆ ತಡೆದುಕೊಂಡ. ಮಧ್ಯಾಹ್ನದ ಹೊತ್ತಿಗೆ ಗೆರೆ ಚಾಪೆ ಹಾಸಿದಂತೆ ಚಪ್ಪಟೆಯಾಯಿತು. ಟೋಪಿ ತೆಗೆದಾಗ ಪಂಚಾಕ್ಷರಿ ಆಚೀಚೆ ನೋಡಿ, ಮೂಲೆಯ ಬೀಡಿಯನ್ನು ಮೂಸಿ, ಎಂಥ ಗಬ್ಬು ವಾಸನೆ ಎಂದು ಮುಖ ಸಿಂಡರಿಸಿದ. ನೀಲಾಂಬಿಕಾಳ ಎದೆ ತುಂಬಿ ಬಂತು. ಅಂದು ಸಂಜೆ ದಾರಿಯಲ್ಲಿ ಪೇಢೆ ಕಟ್ಟಿಸಿಕೊಂಡು ಹೋದಳು.

ಎರಡನೆಯ ಗುಡ್ಡ ಕಸರು, ಬೇಡದ ಬೆರಕೆ, ಎಂದುಕೊಂಡು ಅದನ್ನು ಸೋಸಲು ಅವಳು ಆಮೇಲೆ ಬಹಳ ಹೆಣಗಿದಳು. ಅದನ್ನು ತೆಗೆದರೆ ಮೊದಲನೆಯದೂ ಬಿದ್ದುಹೋಗುತ್ತಿತ್ತು. ಎರಡಕ್ಕೂ ಬಿಡಿಸಲಾಗದ ಗಂಟು ಬಿದ್ದಿತ್ತು. ಹಾಗೇ ಇರಲಿ, ಕಸರು ಇದ್ದರೇ ಖರೇ ಅನ್ನಿಸುತ್ತದೆ ಎಂದು ಶಹನಾಜ್ ಹಾಗೆಯೇ ಎತ್ತಿಕೊಂಡು ಚಿತ್ರಕ್ಕೆ ಅಂಟಿಸಿದಳು.

ಇತ್ತ ಮನೆಯಲ್ಲಿ ಸಂಜೆಗಳು ಬಂದವು, ಕರೆ ಬರಲಿಲ್ಲ.

ಮೊದಲೆರಡು ದಿನ ನೀಲಾಂಬಿಕಾ ಸಮಾಧಾನದಿಂದ ಉಸಿರುಬಿಟ್ಟಳು. ಮೂರನೆಯ ದಿನ ಚಹಾಕ್ಕಿಟ್ಟು ಕಿವಿಗೊಟ್ಟು ನಿಂತವಳಿಗೆ ತಾನು ಏನನ್ನು ಕಾಯುತ್ತಿದ್ದೇನೆ ಎಂದು ಹೊಳೆಯಿತು. ಪಂಚಾಕ್ಷರಿ ಆರಾಮವಾಗಿದ್ದ. ಹೊಟ್ಟೆ ತುಂಬ ಉಣ್ಣುತ್ತಿದ್ದ, ಹಿತ್ತಲಲ್ಲಿ ಹಾಡು ಗುನುಗುತ್ತಿದ್ದ. ಕನ್ನಡಕ ಬೇಕಾದಾಗ “ಏ, ನನ್ನ ಚಾಳೀಸು ಎಲ್ಲೈತಿ?” ಎನ್ನುತ್ತಿದ್ದ. ಅವನ ತಪ್ಪೇನೂ ಇರಲಿಲ್ಲ. ಹೆಸರು ತಲಬಿನ ಜೊತೆಗೆ ಬಂದದ್ದು, ತಲಬಿನ ಜೊತೆಗೇ ಹೋಗಿತ್ತು. ತಾಯಿಯ ಹೆಸರಿನ ಹಳೇ ಮುಜುಗರ ಮಾತ್ರ ಇದ್ದಲ್ಲೇ ಇತ್ತು.

ನೀಲಾಂಬಿಕಾ ಕೆಲವು ಆಟ ಹೂಡಿದಳು. ಒಂದು ಸಂಜೆ ಮಾಳಿಗೆ ಹತ್ತಿ, ಒಣಗಿದ ಬಟ್ಟೆಗಳ ನಡುವೆ ಸುಮ್ಮನೆ ಕೂತಳು. ಅವನು ಮನೆಯೆಲ್ಲ ಹುಡುಕಿ, ಮೆಟ್ಟಿಲ ಬುಡದಲ್ಲಿ ನಿಂತು “ಎಲ್ಲದೀಯ?” ಎಂದು ಕೂಗಿದ. ಇನ್ನೊಮ್ಮೆ ಚಾಳೀಸನ್ನು ಬಚ್ಚಿಟ್ಟು ನೋಡಿದಳು. ಅವನು ತಾನೇ ಹುಡುಕಿ ತೆಗೆದು, ಹಿಟ್ಟಿನ ಡಬ್ಬಿಯ ಹಿಂದೆ ಹೇಗೆ ಹೋಯಿತೋ ಎಂದು ಆಶ್ಚರ್ಯಪಟ್ಟ. ‘ನನ್ನ ಹೆಸರು ಹಿಡಿದು ಕರೆಯಿರಿ’ ಎಂದು ಬಾಯಿಬಿಟ್ಟು ಕೇಳಬಹುದಿತ್ತು. ಕೇಳಿದರೆ ಪಾಪ, ಕರೆಯುತ್ತಿದ್ದ. ಆದರೆ ಕೇಳಿ ಕರೆಸಿಕೊಂಡ ಕರೆಗೆ ಓಡಿಹೋಗುವ ಮನಸ್ಸು ಎಲ್ಲಿಂದ ತರುವುದು? ಇಷ್ಟು ವಯಸ್ಸಾದ ಮೇಲೆ ಇಂಥದ್ದಕ್ಕೆ ಕಣ್ಣಲ್ಲಿ ನೀರು ಬರುವುದೇ ಎಂದು ಅವಳಿಗೆ ತನ್ನ ಮೇಲೆಯೇ ಸಿಟ್ಟು ಬಂತು. ನೀರು ಬಂದೇ ಬಂತು.

ಒಂದು ಭಾನುವಾರ ಅವಳು ಮಾಡಬಾರದ್ದಕ್ಕೆ ಕೈಹಾಕಿದಳು. ಫ್ಯಾಕ್ಟರಿಯಿಂದ ಒಂದು ಪಟ್ಟಿಯಲ್ಲಿ ಅವನ ತಲಬನ್ನು ತುಂಬಿ ಪರ್ಸಿನಲ್ಲಿಟ್ಟುಕೊಂಡು ಬಂದಿದ್ದಳು. ಊಟವಾದ ಮೇಲೆ ಪಂಚಾಕ್ಷರಿ ಪಡಸಾಲೆಯಲ್ಲಿ ಅಡ್ಡಾಗಿ ಕಣ್ಣು ಮುಚ್ಚಿದ್ದ. ಕಿವಿಯ ಹಿಂದೆ ಹಚ್ಚಿ, ಚಿಟಿಕೆ ಹೊಡೆಯುವಷ್ಟರಲ್ಲಿ ತೆಗೆದರೂ ಸಾಕು, ಎಲ್ಲ ಮರಳಿ ಬರುತ್ತದೆ. ಸಂಜೆ ಆಗುವಷ್ಟರಲ್ಲಿ ಕರೆಯುತ್ತಾನೆ. ಅವಳು ಪಟ್ಟಿ ಹಿಡಿದು ಅವನ ಮಗ್ಗುಲಲ್ಲಿ ಕೂತಳು. ಅವನ ಎದೆ ಏರುತ್ತ ಇಳಿಯುತ್ತ ಇತ್ತು. ಒಳಗೆಲ್ಲೋ ಸಣ್ಣಗೆ ಸುಯ್ ಎನ್ನುವ ಸಪ್ಪಳ, ಡಾಕ್ಟರು ಬೆಳಕಿಗೆ ಹಿಡಿದು ತೋರಿಸಿದ ಅದೇ ಎದೆ. ಬೀಡಿ ಅಂಗಡಿ ಇಲ್ಲಿಂದ ನಡೆದು ಹೋಗುವಷ್ಟೇ ದೂರ. ತನ್ನನ್ನು ಒಮ್ಮೆ ಕರೆಯಲಿ ಎಂದು ಇವನ ಎದೆಯಲ್ಲಿ ಕೆಂಡ ಇಡುವುದೇ? ನೀಲಾಂಬಿಕಾ ಪಟ್ಟಿಯನ್ನು ಪರ್ಸಿಗೆ ಹಾಕಿ, ಎದ್ದು ಹೋಗಿ ಮುಖ ತೊಳೆದುಕೊಂಡಳು. ಇನ್ನು ‘ಏ’ ಎಂದರೆ ‘ಏ’ ಎಂದೇ ಓಗೊಡುವುದು ಎಂದು ಗಟ್ಟಿ ಮಾಡಿಕೊಂಡಳು.

ಚಿತ್ರದ ಮೊದಲ ಪ್ರದರ್ಶನ ಹುಬ್ಬಳ್ಳಿಯ ಒಂದು ಸಭಾಭವನದಲ್ಲಿ, ಮಧ್ಯಾಹ್ನದ ಮೇಲೆ. ಬಾಗಿಲಲ್ಲಿ ರಿಬ್ಬನ್ ಕಟ್ಟಿದ ಬುಟ್ಟಿಗಳ ತುಂಬ ತಂಗಾಳಿ ಕೊಳವೆಗಳು. ಹಾವನೂರ ಸಾಹೇಬರು ಸೂಟು ಧರಿಸಿ ಬಂದವರಿಗೆಲ್ಲ ಕೈಮುಗಿಯುತ್ತಿದ್ದರು. ಕಾಲೇಜಿನ ಹೊಗೆ ಹುಡುಗರನ್ನು ಬೇಕೆಂದೇ ಕರೆಸಿದ್ದರು. ಪಂಚಾಕ್ಷರಿ ಮುಂದಿನ ಸಾಲಿನಲ್ಲಿ ಕೂತಿದ್ದ. ನಿಯಮದಂತೆ ಅವನಿಗೆ ಮಾತ್ರ ಪಟ್ಟಿ ಕೊಟ್ಟಿರಲಿಲ್ಲ. ನೀಲಾಂಬಿಕಾ ಮೇಲಿನ ಗಾಜಿನ ಕೋಣೆಯಲ್ಲಿ ಯಂತ್ರದ ಮುಂದೆ ಇದ್ದಳು. ಅಲೆ ಬಿಡುವವರೂ ಪಟ್ಟಿ ಹಚ್ಚಿಕೊಳ್ಳುವ ಪದ್ಧತಿಯಿಲ್ಲ, ಕೈ ನಡುಗುತ್ತದೆ ಎಂದು.

ಚಿತ್ರ ಶುರುವಾಯಿತು. ಬೆಳ್ಳಿಯ ಡಬ್ಬಿ ಬಂದಾಗ ಜನ ನಕ್ಕರು. ಕೋಟು ಬಂದಾಗ ಜೋರಾಗಿ ನಕ್ಕರು. ಪಂಚಾಕ್ಷರಿ ಎಲ್ಲರಿಗಿಂತ ಜೋರಾಗಿ, ತೊಡೆ ತಟ್ಟಿಕೊಂಡು ನಗುವುದು ಅವಳಿಗೆ ಮೇಲಿನಿಂದಲೇ ಕಾಣುತ್ತಿತ್ತು. ಆ ಮನುಷ್ಯ ಬಂಗಲೆಯ ಮುಂದೆ ಕೈತುಂಬ ಸಾಮಾನು ಹಿಡಿದು ನಿಂತ. ನೀಲಾಂಬಿಕಾ ಗುಂಡಿ ಒತ್ತಿದಳು.

ಸಭಾಭವನದಲ್ಲಿ ನೂರಾರು ಕೈಗಳ ಬೆರಳುಗಳು ಕೂಡಿಕೊಂಡವು. ಇಲ್ಲಿಯವರೆಗೆ ಎಲ್ಲ ಸರಿಯಾಗಿತ್ತು. ಈಗ ಪರದೆ ಕಪ್ಪಾಗಬೇಕು, ಜನ ನಗುತ್ತ ಎದ್ದು ಬುಟ್ಟಿಗಳ ಕಡೆ ಹೋಗಬೇಕು. ಪರದೆ ಕಪ್ಪಾಯಿತು. ಯಾರೂ ನಗಲಿಲ್ಲ, ಯಾರೂ ಬುಟ್ಟಿಯ ಕಡೆ ನೋಡಲಿಲ್ಲ. ಮೂರನೆಯ ಸಾಲಿನ ಮುದುಕಿಯೊಬ್ಬಳು “ಗಂಗೂ” ಅಂದಳು, ಮಗುವಿನ ದನಿಯಲ್ಲಿ. ಅವಳ ಹಿಂದೆ ಯಾರೋ “ಅಣ್ಣಾ” ಅಂದರು. ಹೊಗೆಯ ಹುಡುಗರಲ್ಲಿ ಎಲ್ಲಕ್ಕಿಂತ ದಿಮಾಕಿನವನು ಫೋನು ತೆಗೆದು, ಫೋಟೋ ಹೊಡೆಯುವುದು ಬಿಟ್ಟು “ಅವ್ವಾ, ಏನಿಲ್ಲ, ಸುಮ್ನ ಮಾಡಿದೆ” ಎನ್ನುತ್ತಿದ್ದ. ಸ್ವಲ್ಪ ಹೊತ್ತಿಗೆ ಇಡೀ ಭವನ ಹೆಸರುಗಳಿಂದ ಗುಂಯ್‌ಗುಡತೊಡಗಿತು. ಇದ್ದವರ ಹೆಸರು, ಇಲ್ಲದವರ ಹೆಸರು, ಜಗಳವಾಡಿ ಮಾತುಬಿಟ್ಟವರ ಹೆಸರು. ಹಾವನೂರ ಸಾಹೇಬರು ಬುಟ್ಟಿಗೆ ಒರಗಿ ನಿಂತು “ಪಮ್ಮೀ” ಎಂದು ಕರೆಯುತ್ತಿದ್ದರು. ಪಮ್ಮಿ ಯಾರೆಂದು ಅವರ ಕಂಪನಿಯಲ್ಲಿ ಒಬ್ಬರಿಗೂ ಗೊತ್ತಿರಲಿಲ್ಲ.

ಯಂತ್ರ ಕೆಟ್ಟಿತೆಂದು ನೀಲಾಂಬಿಕಾ ಗಾಬರಿಯಾದಳು. ಸಾವಿರ ರೀತಿಯ ತಲಬು ಬಿಟ್ಟಿದ್ದಾಳೆ, ಮಂದಿ ಹೀಗೆ ಮಾಡಿದ್ದು ಕಂಡಿರಲಿಲ್ಲ. ಏನು ತಪ್ಪಾಗಿದೆ ಎಂದು ತಿಳಿಯಲು ಬೇರೆ ದಾರಿ ಕಾಣದೆ ಮೇಜಿನ ಮೇಲಿದ್ದ ಪಟ್ಟಿಯೊಂದನ್ನು ಎತ್ತಿ ತನ್ನ ಕಿವಿಯ ಹಿಂದೆ ಹಚ್ಚಿಕೊಂಡಳು.

ಮೊದಲು ಗಂಟಲು ಒಣಗಿತು, ಎದೆಯನ್ನು ಯಾರೋ ಒಳಗಿನಿಂದ ಜಗ್ಗಿದಂತಾಯಿತು. ಬೀಡಿ. ಅದು ಬಂದಷ್ಟೇ ಬೇಗ ಪಕ್ಕಕ್ಕೆ ಸರಿಯಿತು. ಅದರ ಹಿಂದಿನಿಂದ ಎರಡನೆಯ ಗುಡ್ಡ ಎದ್ದು ಬಂತು. ಅದಕ್ಕೆ ಹೊಗೆಯ ವಾಸನೆಯೇ ಇರಲಿಲ್ಲ. ಯಾರೋ ಈಗ ಬರುತ್ತಾರೆ, ಬಂದು ಮಗ್ಗುಲಲ್ಲಿ ಕೂಡುತ್ತಾರೆ, ಕರೆಯುವುದೊಂದೇ ಬಾಕಿ ಎಂಬ ಒಂದು ಭರವಸೆ. ಅದು ಗಂಟಲಿನವರೆಗೆ ಬಂದು ಅಲ್ಲೇ ತಡೆದು ನಿಂತಿತ್ತು, ಒದ್ದಾಡುತ್ತಿತ್ತು. ‘ಬ್ಯಾಡ, ಈಗ ಕರೀಬ್ಯಾಡ್ರಿ’ ಎಂದವಳು ತಾನೇ. ಬಾಯಿಗೆ ಬಂದ ಹೆಸರನ್ನು ಅವನಿಂದ ನುಂಗಿಸಿ, ಆ ನುಂಗಿದ ಹೆಸರನ್ನು ಮುದ್ರಿಸಿ, ಊರಿಗೆಲ್ಲ ಹಂಚಿದ್ದಳು.

ಗಂಡನ ಹೆಸರು ಹೇಳಿದರೆ ಅವನ ಆಯುಷ್ಯ ಕಡಿಮೆಯಾಗುತ್ತದೆ ಎಂದು ಅವ್ವ ಕಲಿಸಿದ್ದಳು. ಮಿದುಳಿನ ಅಲೆ ಸೋಸುವ ಕೆಲಸಕ್ಕೆ ಸೇರಿದ ಮೇಲೂ ನೀಲಾಂಬಿಕಾ ಆ ಮಾತನ್ನು ಮೀರಿರಲಿಲ್ಲ. ಅದು ಸುಳ್ಳೆಂದು ಗೊತ್ತಿತ್ತು. ಆದರೂ ಅವನ ಆಯುಷ್ಯದ ವಿಷಯದಲ್ಲಿ ಪರೀಕ್ಷೆ ಮಾಡಿ ನೋಡುವ ಧೈರ್ಯ ಇರಲಿಲ್ಲ. ಈಗ ಯಾವ ಧೈರ್ಯವೂ ಬೇಕಾಗಲಿಲ್ಲ. ಬಾಯಿ ತಾನಾಗಿ ತೆರೆಯಿತು. ಮುಂದಿದ್ದ ಮೈಕು ಚಾಲೂ ಇತ್ತು.

“ಪಂಚಾಕ್ಷರೀ...”

ಕರೆ ಭವನದ ನಾಲ್ಕೂ ಮೂಲೆಯ ಸ್ಪೀಕರುಗಳಿಂದ ಹೊರಟಿತು. ಮುಂದಿನ ಸಾಲಿನಲ್ಲಿ, ಸುತ್ತಲಿನವರಿಗೆ ಏನಾಗಿದೆ ಎಂದು ತಿಳಿಯದೆ ಪಿಳಿಪಿಳಿ ಕಣ್ಣು ಬಿಡುತ್ತಿದ್ದ ಪಂಚಾಕ್ಷರಿ ಬಾಣ ಬಡಿದವನಂತೆ ಎದ್ದು ನಿಂತ. ತಿರುಗಿ ಮೇಲೆ ನೋಡಿದ. ಆಮೇಲೆ ಕುರ್ಚಿಗಳ ನಡುವೆ ದಾರಿ ಮಾಡಿಕೊಂಡು ನಡೆಯತೊಡಗಿದ, ನಡಿಗೆ ಓಟವಾಯಿತು.

ಮೆಟ್ಟಿಲು ಹತ್ತಿ ಬಾಗಿಲಲ್ಲಿ ನಿಂತಾಗ ಅವನಿಗೆ ಏದುಸಿರು ಹತ್ತಿತ್ತು. ಅಷ್ಟರಲ್ಲಿ ನೀಲಾಂಬಿಕಾ ಪಟ್ಟಿ ಕಿತ್ತು ಮೇಜಿನ ಮೇಲೆ ಎಸೆದಿದ್ದಳು. ಅವಳ ಮುಖ ನೋಡಿ ಅವನು ಇನ್ನಷ್ಟು ಹೆದರಿದ.

“ಏನಾತು? ಯಾಕ ಕರದಿ?”

“ಏನೂ ಇಲ್ಲ. ಸುಮ್ನ ಕರದೆ.”

“ಹೆಸರ ಹಿಡದ ಕರದಿ. ಮೈಕಿನ್ಯಾಗ.”

“ಹೂಂ,” ಅಂದಳು. ಸೆರಗಿನಿಂದ ಕಣ್ಣು ಒರೆಸಿಕೊಂಡಳು. ಇನ್ನು ಮುಚ್ಚಿಡುವುದರಲ್ಲಿ ಅರ್ಥವಿರಲಿಲ್ಲ. “ನಿಮ್ಮ ತಲಬು ನಾ ಈಗ ಹಚಗೊಂಡ ನೋಡಿದೆ. ಅದರಾಗ ಬೀಡಿ ಒಂಚೂರ ಇತ್ತ್ರಿ. ಉಳಿದದ್ದೆಲ್ಲಾ ನಾನ ಇದ್ದೆ. ಅದನ್ನ ನನ್ನ ಕೈಯಾರೆ ಹಿಂಡಿ ತಗದಬಿಟ್ಟೆ.”

ಪಂಚಾಕ್ಷರಿ ಒಂದು ಸ್ಟೂಲು ಎಳೆದುಕೊಂಡು ಅವಳ ಮಗ್ಗುಲಲ್ಲಿ ಕೂತ. ಕೆಳಗೆ ಜನ ಒಬ್ಬೊಬ್ಬರಾಗಿ ಹೊರಗೆ ಹೋಗುತ್ತಿದ್ದರು, ಫೋನನ್ನು ಕಿವಿಗೆ ಹಚ್ಚಿಕೊಂಡು, ರಿಬ್ಬನ್ ಕಟ್ಟಿದ ಬುಟ್ಟಿಗಳನ್ನು ಸುತ್ತಿ ಬಳಸಿ. ಶಹನಾಜ್ ಒಂದು ಕಂಬಕ್ಕೊರಗಿ, ಬಿದ್ದು ಬಿದ್ದು ನಗುತ್ತಿದ್ದಳು. ಅವನು ಅದಾವುದನ್ನೂ ನೋಡಲಿಲ್ಲ. ಎದೆಯ ಮೇಲೆ ಅಂಗೈ ಇಟ್ಟುಕೊಂಡು, ಒಳಗಿನ ಏನನ್ನೋ ಕಿವಿಗೊಟ್ಟು ಕೇಳುವವನಂತೆ ಕೂತಿದ್ದ. ಅವಳಿಗೆ ಅಂಜಿಕೆಯಾಯಿತು.

“ನೋವಾಗಾಕತ್ತೈತೇನ್ರಿ?”

“ನೋವಲ್ಲ,” ಅಂದ. “ನೀ ಕರದಿ ನೋಡು, ಆವಾಗ ಇಲ್ಲೆ ಏನೋ ಎದ್ದಂಗಾತು. ಮೆಟ್ಟಲಾ ಹತ್ತೂಮುಂದ ಇತ್ತು. ಈಗ ಇಳಿಯಾಕತ್ತೇತಿ.” ಸ್ವಲ್ಪ ತಡೆದು, ಬೇರೆ ಕಡೆ ಮುಖ ಮಾಡಿ ಕೇಳಿದ: “ಇನ್ನೊಮ್ಮೆ ಕರೀತಿಯೇನ?”

ಪಟ್ಟಿ ಮೇಜಿನ ಮೇಲೆ ಬಿದ್ದಿತ್ತು. ನೀಲಾಂಬಿಕಾ ಕೈ ಚಾಚಿ ಮೈಕು ಬಂದ್ ಮಾಡಿ, ಅವನೊಬ್ಬನಿಗೇ ಕೇಳುವ ಹಾಗೆ ಕರೆದಳು.